ಹಿತ್ತಿಲ ಬಾಗಿಲಿನಿಂದ ಬಂದ ಮಾತು

‘ಪ್ಲಾನೆಟ್ ಆಫ್ ದಿ ಏಪ್ಸ್’ ಸರಣಿಯ ಸಿನಿಮಾಗಳನ್ನು ನಮ್ಮಲ್ಲಿ ಬಹಳ ಮಂದಿ ನೋಡಿದ್ದೇವೆ. ಮನುಷ್ಯರನ್ನು ಪಂಜರದಲ್ಲಿಟ್ಟು ಆಳುವ ವಾನರರ ಆ ಕಥೆ ಮೊದಲ ಸಲ ತೆರೆಗೆ ಬಂದದ್ದು 1968ರಲ್ಲಿ. ಅದರ ಚಿತ್ರಕಥೆಗೆ ಇಬ್ಬರ ಹೆಸರಿದೆ. ಒಬ್ಬ ಮೈಕಲ್ ವಿಲ್ಸನ್, ಇನ್ನೊಬ್ಬ ರಾಡ್ ಸರ್ಲಿಂಗ್. ಈ ಸರ್ಲಿಂಗ್ ಅಸಲಿಗೆ ಸಿನಿಮಾದವನಲ್ಲ, ಟಿವಿಯವನು. ಅಮೆರಿಕದಲ್ಲಿ ಟಿವಿ ಇನ್ನೂ ಅಂಬೆಗಾಲಿಡುತ್ತಿದ್ದ ಕಾಲದಲ್ಲಿ ಅದಕ್ಕೆ ನಾಟಕ ಬರೆದು ಸಂಸಾರ ನಡೆಸಿದವನು, ಅದರಿಂದಲೇ ಹೆಸರು ಮಾಡಿದವನು, ಅದರಿಂದಲೇ ಏಟೂ ತಿಂದವನು.

ನಾನು ಪತ್ರಿಕೋದ್ಯಮದಲ್ಲಿ ಡಿಗ್ರಿ ಮುಗಿಸಿ ಎರಡು ವರ್ಷವಾಯಿತು. ಸದ್ಯಕ್ಕೆ ಒಂದು ಸಣ್ಣ ಜಾಹೀರಾತು ಕಂಪನಿಯಲ್ಲಿದ್ದೇನೆ. ಸೀರೆ ಅಂಗಡಿ, ಕೋಚಿಂಗ್ ಸೆಂಟರ್‌ಗಳ ಮೂವತ್ತು ಸೆಕೆಂಡಿನ ವಿಡಿಯೋಗಳಿಗೆ ಮಾತು ಬರೆಯುವ ಕೆಲಸ. ರಾತ್ರಿ ಹೊತ್ತು ನನ್ನದೇ ಒಂದು ನಾಟಕ ತಿದ್ದುತ್ತಾ ಕೂರುತ್ತೇನೆ. ಮನೆಯಲ್ಲಿ ಎಫ್‌ಡಿಎ, ಪಿಡಿಒ ಪರೀಕ್ಷೆಗಳ ಮಾತು ನಡೆಯುತ್ತಲೇ ಇರುತ್ತದೆ. ಹಾಗಾಗಿ ಬರೆದು ಅನ್ನ ಸಂಪಾದಿಸಿದವರ ಬದುಕು ಎಲ್ಲಿ ಸಿಕ್ಕರೂ ಓದುವ ಅಭ್ಯಾಸವಾಗಿದೆ. ಹಾಗೆ ಓದಿದವರಲ್ಲಿ ನನ್ನನ್ನು ತುಂಬಾ ಕಾಡಿದವನು ಸರ್ಲಿಂಗ್. ದುಡ್ಡು ಕೊಡುವವರ ಮಾತನ್ನು ಎಷ್ಟು ಕೇಳಬೇಕು, ಎಲ್ಲಿಗೆ ನಿಲ್ಲಿಸಬೇಕು ಎಂಬ ಪ್ರಶ್ನೆ ಅವನನ್ನು ಕೊನೆಯವರೆಗೂ ಬಿಡಲಿಲ್ಲ. ಕೆಲಸ ಹುಡುಕುತ್ತಿರುವ, ಕೆಲಸಕ್ಕೆ ಈಗಷ್ಟೇ ಸೇರಿರುವ ನಮಗೂ ಅದು ದಿನದ ಪ್ರಶ್ನೆಯೇ.

ಪ್ಯಾರಾಚೂಟ್ ಕಟ್ಟಿಕೊಂಡ ಹುಡುಗ

ಸರ್ಲಿಂಗ್ ಹುಟ್ಟಿದ್ದು 1924ರ ಡಿಸೆಂಬರ್ 25ರಂದು, ನ್ಯೂಯಾರ್ಕ್ ರಾಜ್ಯದ ಸಿರಾಕ್ಯೂಸ್‌ನಲ್ಲಿ. ಬೆಳೆದದ್ದು ಅದೇ ರಾಜ್ಯದ ಬಿಂಗ್‌ಹ್ಯಾಮ್ಟನ್ ಎಂಬ ಊರಿನಲ್ಲಿ. ಯಹೂದಿ ಕುಟುಂಬ. ಅಪ್ಪನದು ಮೊದಲು ದಿನಸಿ ಅಂಗಡಿ, 1930ರ ದಶಕದ ಆರ್ಥಿಕ ಕುಸಿತದ ನಂತರ ಮಾಂಸದ ವ್ಯಾಪಾರ. ಮಕ್ಕಳ ನಾಟಕದ ಹುಚ್ಚು ನೋಡಿ ಆ ಅಪ್ಪ ಮನೆಯ ನೆಲಮಾಳಿಗೆಯಲ್ಲಿ ಪುಟ್ಟದೊಂದು ರಂಗಮಂಚ ಕಟ್ಟಿಕೊಟ್ಟಿದ್ದರಂತೆ. ಹುಡುಗನಿಗೆ ಮಾತೋ ಮಾತು. ಒಮ್ಮೆ ಕಾರಿನಲ್ಲಿ ಸಿರಾಕ್ಯೂಸ್‌ಗೆ ಹೋಗುವಾಗ ಇವನು ಸುಮ್ಮನಾಗುತ್ತಾನೋ ನೋಡೋಣ ಎಂದು ಮನೆಯವರೆಲ್ಲ ಬಾಯಿ ಮುಚ್ಚಿ ಕೂತರು. ಎರಡು ಗಂಟೆಯ ದಾರಿಯುದ್ದಕ್ಕೂ ಅವನೊಬ್ಬನೇ ಮಾತಾಡಿದ. ಬೇರೆ ಯಾರೂ ಮಾತಾಡುತ್ತಿಲ್ಲ ಎಂಬುದು ಅವನ ಗಮನಕ್ಕೇ ಬರಲಿಲ್ಲ.

1943ರ ಜನವರಿಯಲ್ಲಿ ಹೈಸ್ಕೂಲು ಮುಗಿಸಿದ ಕೂಡಲೇ ಸೈನ್ಯಕ್ಕೆ ಸೇರಿದ. ಎತ್ತರ ಐದಡಿ ನಾಲ್ಕು ಇಂಚು. ಆದರೂ ಹಟ ಹಿಡಿದು ವಿಮಾನದಿಂದ ಹಾರುವ ಪ್ಯಾರಾಚೂಟ್ ಪಡೆಯನ್ನೇ ಆರಿಸಿಕೊಂಡ. ಸೈನ್ಯದಲ್ಲೇ ಬಾಕ್ಸಿಂಗ್ ಆಡಿ ಮೂಗು ಮುರಿಸಿಕೊಂಡ. ಅವನ ರೆಜಿಮೆಂಟನ್ನು ಫಿಲಿಪ್ಪೀನ್ಸ್‌ಗೆ ಕಳಿಸಿದರು. ಲೇಟೆ ದ್ವೀಪದ ಕಾಡು, ಗುಡ್ಡ, ಮಳೆಯ ನಡುವೆ ಕಾದಾಟ, ಆಮೇಲೆ ಮನಿಲಾ ನಗರದ ಬೀದಿಗಳಲ್ಲಿ ಕಾದಾಟ. ಮಣಿಕಟ್ಟಿಗೂ ಮಂಡಿಗೂ ಪೆಟ್ಟಾಯಿತು. ಆ ಮಂಡಿ ಮುಂದೆ ಎಷ್ಟೋ ವರ್ಷ ಕಾಟ ಕೊಟ್ಟಿತು.

ಅದಕ್ಕಿಂತ ಆಳವಾದ ಗಾಯ ಬೇರೆಯೇ ಇತ್ತು. ಲೇಟೆಯಲ್ಲಿ ಹಸಿದು ಕೂತಿದ್ದ ಸೈನಿಕರಿಗೆ ವಿಮಾನದಿಂದ ಆಹಾರದ ಪೆಟ್ಟಿಗೆಗಳನ್ನು ಕೆಳಕ್ಕೆ ಹಾಕುತ್ತಿದ್ದರು. ಅಂಥ ಒಂದು ಪೆಟ್ಟಿಗೆ ಸರ್ಲಿಂಗ್‌ನ ಆಪ್ತ ಗೆಳೆಯನ ಮೇಲೆ ಬಿತ್ತು, ಅವನು ಅಲ್ಲೇ ಸತ್ತ. ಶತ್ರುವಿನ ಗುಂಡಿನಿಂದ ಉಳಿದವನು ಅನ್ನದ ಪೆಟ್ಟಿಗೆಯಿಂದ ಸತ್ತ. ಯಾವ ಲೆಕ್ಕಕ್ಕೂ ಸಿಗದ ಇಂಥ ಸಾವು, ನಗುವುದೋ ಅಳುವುದೋ ತಿಳಿಯದ ಇಂಥ ತಿರುವು ಮುಂದೆ ಸರ್ಲಿಂಗ್ ಬರೆದ ನೂರಾರು ಕಥೆಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಯುದ್ಧ ಮುಗಿದ ಹೊಸತರಲ್ಲೇ ಅಪ್ಪ ಹೃದಯಾಘಾತದಿಂದ ತೀರಿಕೊಂಡರು. ಅವರಿಗೆ ಆಗಿನ್ನೂ 52 ವರ್ಷ. ಮಣ್ಣಿಗೆ ಹೋಗಲು ಮಗನಿಗೆ ರಜೆ ಸಿಗಲಿಲ್ಲ.

ಹಗಲು ಸಂಬಳಕ್ಕೆ, ರಾತ್ರಿ ತನಗೆ

ಯುದ್ಧದಿಂದ ಮರಳಿದ ಸೈನಿಕರು ಓದು ಮುಂದುವರಿಸಲಿ ಎಂದು ಅಮೆರಿಕ ಸರ್ಕಾರ ಕಾಲೇಜಿನ ಖರ್ಚು ಕೊಡುತ್ತಿತ್ತು. ಆ ಕಾಯ್ದೆಯನ್ನು ಜನ ‘ಜಿ.ಐ. ಬಿಲ್’ ಎನ್ನುತ್ತಿದ್ದರು. ಅದರ ನೆರವಿನಿಂದ ಸರ್ಲಿಂಗ್ ಒಹಾಯೋದ ಆಂಟಿಯಾಕ್ ಕಾಲೇಜು ಸೇರಿದ. ಮೊದಲು ಆರಿಸಿಕೊಂಡದ್ದು ದೈಹಿಕ ಶಿಕ್ಷಣ. ಯುದ್ಧದ ಕೆಟ್ಟ ಕನಸುಗಳು ನಿದ್ದೆ ಕೆಡಿಸುತ್ತಿದ್ದವು. ಎದೆಯೊಳಗಿದ್ದದ್ದನ್ನು ಹೊರಗೆ ಹಾಕದೆ ವಿಧಿಯಿಲ್ಲ ಅನ್ನಿಸಿ ಭಾಷೆ, ಸಾಹಿತ್ಯದ ಕಡೆ ಹೊರಳಿದ. ಆ ಕಾಲೇಜಿನಲ್ಲಿ ಕೆಲವು ತಿಂಗಳು ಪಾಠ, ಕೆಲವು ತಿಂಗಳು ಹೊರಗೆ ಕೆಲಸ. ಸರ್ಲಿಂಗ್ ನ್ಯೂಯಾರ್ಕಿನ ಒಂದು ರೇಡಿಯೋ ಕೇಂದ್ರದಲ್ಲಿ ಕೆಲಸ ಕಲಿತ. ಕಾಲೇಜಿನ ರೇಡಿಯೋಗೆ ವಾರವಾರ ನಾಟಕ ಬರೆದ, ನಿರ್ದೇಶಿಸಿದ, ತಾನೇ ಪಾತ್ರವನ್ನೂ ಮಾಡಿದ. ಕೈಖರ್ಚಿಗೆಂದು ಹೊಸ ಪ್ಯಾರಾಚೂಟ್‌ಗಳನ್ನು ಪರೀಕ್ಷಿಸಲು ವಿಮಾನದಿಂದ ಹಾರುವ ಕೆಲಸವನ್ನೂ ಒಪ್ಪಿಕೊಂಡ. 1948ರಲ್ಲಿ ಸಹಪಾಠಿ ಕ್ಯಾರಲ್‌ಳನ್ನು ಮದುವೆಯಾದ.

1949ರಲ್ಲಿ ‘ಡಾ. ಕ್ರಿಶ್ಚಿಯನ್’ ಎಂಬ ರೇಡಿಯೋ ಕಾರ್ಯಕ್ರಮ ನಡೆಸಿದ ಸ್ಪರ್ಧೆಯಲ್ಲಿ ಅವನ ನಾಟಕಕ್ಕೆ ಬಹುಮಾನ ಬಂತು. 500 ಡಾಲರ್ ನಗದು, ಜೊತೆಗೆ ನ್ಯೂಯಾರ್ಕ್ ಪ್ರವಾಸ. ಇನ್ನೇನು ದಾರಿ ತೆರೆಯಿತು ಅಂದುಕೊಂಡರೆ ತೆರೆಯಲಿಲ್ಲ. ಆಮೇಲೆ ಕಳಿಸಿದ ಸ್ಕ್ರಿಪ್ಟ್‌ಗಳು ಒಂದರ ಹಿಂದೆ ಒಂದರಂತೆ ಸುಮಾರು ನಲವತ್ತು ವಾಪಸಾದವು. ಅವುಗಳಲ್ಲೊಂದು ಬಾಕ್ಸಿಂಗ್ ಕಥೆ. ನಮ್ಮ ಕೇಳುಗರಲ್ಲಿ ಹೆಂಗಸರೇ ಹೆಚ್ಚು, ಅವರಿಗೆ ಬಾಕ್ಸಿಂಗ್ ಕಥೆ ಹಿಡಿಸುವುದಿಲ್ಲ ಎಂದು ಒಂದು ರೇಡಿಯೋ ಕಾರ್ಯಕ್ರಮದವರು ಅದನ್ನು ತಿರುಗಿ ಕಳಿಸಿದರು. ಕಳಿಸುವಾಗ ಒಂದು ಸಲಹೆಯನ್ನೂ ಸೇರಿಸಿದ್ದರು: ಇದು ಕಿವಿಗಿಂತ ಕಣ್ಣಿಗೆ ಹೊಂದುವ ಬರವಣಿಗೆ. ಬೇಡ ಎಂದ ಕಾಗದದಲ್ಲೂ ಒಂದು ವಿಳಾಸ ಇರುತ್ತದೆ. ಸರ್ಲಿಂಗ್ ಅದನ್ನು ಓದಿಕೊಂಡ. 1950ರಲ್ಲಿ ಮೊದಲ ಟಿವಿ ಸ್ಕ್ರಿಪ್ಟ್ ಮಾರಾಟವಾಯಿತು. ಸಿಕ್ಕಿದ್ದು ನೂರು ಡಾಲರ್.

ಅದೇ ವರ್ಷ ಪದವಿ ಮುಗಿಸಿ ಸಿನ್ಸಿನಾಟಿಯ ಡಬ್ಲ್ಯೂಎಲ್‌ಡಬ್ಲ್ಯೂ ಪ್ರಸಾರ ಸಂಸ್ಥೆಯಲ್ಲಿ ಕೆಲಸಕ್ಕೆ ಸೇರಿದ. ಜಾಹೀರಾತಿಗೆ ಮಾತು ಬರೆಯುವುದು, ಸುತ್ತಮುತ್ತಲಿನ ಊರುಗಳ ಗುಣಗಾನ ಮಾಡುವ ಕಾರ್ಯಕ್ರಮ ಸಿದ್ಧಪಡಿಸುವುದು ಅವನ ಪಾಲಿಗೆ ಬಂತು. ಹಗಲೆಲ್ಲ ಅದನ್ನು ಬರೆದು ಸಂಜೆ ಮನೆಗೆ ಬಂದು ಊಟದ ಮೇಜಿನ ಮೇಲೆ ಟೈಪ್‌ರೈಟರ್ ಇಟ್ಟುಕೊಂಡು ತನ್ನ ನಾಟಕ ಬರೆಯುತ್ತಿದ್ದ. ಈ ಭಾಗ ಓದುವಾಗ ನನಗೆ ಯಾರೋ ನನ್ನ ರೂಮಿನ ಕಿಟಕಿಯಿಂದ ಇಣುಕಿದ ಹಾಗಾಯಿತು. ಹಗಲಿನ ಬರವಣಿಗೆ ರಾತ್ರಿಯದನ್ನು ತಿನ್ನುತ್ತದೆ. ಬೆರಳು ದಣಿದಿರುವುದಿಲ್ಲ, ಮನಸ್ಸು ದಣಿದಿರುತ್ತದೆ. ಇದು ಸರ್ಲಿಂಗ್‌ಗೂ ತಟ್ಟಿತು. ಒಂದೂವರೆ ವರ್ಷದ ಹೊತ್ತಿಗೆ, ಒಂದು ಚಳಿಗಾಲದ ರಾತ್ರಿ, ಹೋಟೆಲೊಂದರಲ್ಲಿ ಕೂತು ಕೆಲಸ ಬಿಡುವ ಮಾತನ್ನು ಹೆಂಡತಿಯ ಮುಂದಿಟ್ಟ. ಅವಳು ಒಪ್ಪಿದಳು.

ಇಲ್ಲಿ ಒಂದು ಮಾತು. ಅವನು ಕೆಲಸ ಬಿಟ್ಟದ್ದನ್ನಷ್ಟೇ ನೋಡಿ ನಾವೂ ನಾಳೆಯೇ ರಾಜೀನಾಮೆ ಕೊಡುವುದು ಬೇಡ. ಆ ಹೊತ್ತಿಗೆ ಅವನ ಸ್ಕ್ರಿಪ್ಟ್‌ಗಳು ಆಗೊಂದು ಈಗೊಂದು ಮಾರಾಟವಾಗತೊಡಗಿದ್ದವು. ಸಿನ್ಸಿನಾಟಿಯ ಇನ್ನೊಂದು ಟಿವಿ ಕೇಂದ್ರಕ್ಕೆ ನಾಟಕ ಬರೆದುಕೊಡುತ್ತಿದ್ದ. ಅಂದರೆ ನೀರಿನ ಆಳ ನೋಡಿಕೊಂಡೇ ಇಳಿದಿದ್ದ.

ಒಂದು ರಾತ್ರಿ, ಒಂದು ಗಂಟೆ

ಆಗಿನ ಟಿವಿ ಹೇಗಿತ್ತು ಎಂದು ತಿಳಿಯದೆ ಅವನ ಕೆಲಸದ ಕಷ್ಟ ಅರ್ಥವಾಗುವುದಿಲ್ಲ. 1950ರಲ್ಲಿ ಅಮೆರಿಕದ ನೂರು ಮನೆಗಳಲ್ಲಿ ಒಂಬತ್ತರಲ್ಲಿ ಮಾತ್ರ ಟಿವಿ ಇತ್ತು. ಹತ್ತೇ ವರ್ಷದಲ್ಲಿ ಅದು ಎಂಬತ್ತೈದನ್ನು ದಾಟಿತು. ಇಷ್ಟು ವೇಗವಾಗಿ ಬೆಳೆಯುತ್ತಿದ್ದ ಪೆಟ್ಟಿಗೆಗೆ ವಾರವಾರ ಕಥೆ ಬೇಕಿತ್ತು. ಈಗಿನ ಹಾಗೆ ವರ್ಷಗಟ್ಟಲೆ ಎಳೆಯುವ ಧಾರಾವಾಹಿಗಿಂತ ಆಗ ಹೆಚ್ಚು ಗೌರವ ಇದ್ದದ್ದು ವಾರಕ್ಕೊಂದರಂತೆ ಬರುವ ಬಿಡಿ ನಾಟಕಗಳಿಗೆ. ಈ ವಾರದ ಕಥೆಗೂ ಬರುವ ವಾರದ ಕಥೆಗೂ ಸಂಬಂಧವಿಲ್ಲ, ನಟರೂ ಬೇರೆ.

ಅವುಗಳಲ್ಲಿ ಹೆಚ್ಚಿನವು ನ್ಯೂಯಾರ್ಕಿನ ಸ್ಟುಡಿಯೋಗಳಿಂದ ನೇರ ಪ್ರಸಾರವಾಗುತ್ತಿದ್ದವು. ಒಂದು ಸೆಟ್‌ನಲ್ಲಿ ದೃಶ್ಯ ಮುಗಿಯುತ್ತಿದ್ದಂತೆ ನಟರು ಕೇಬಲ್‌ಗಳನ್ನು ದಾಟಿಕೊಂಡು ಪಕ್ಕದ ಸೆಟ್‌ಗೆ ಓಡಬೇಕು. ಓಡುತ್ತಲೇ ಕೋಟು ಬದಲಿಸಬೇಕು. ಮಾತು ಮರೆತರೆ ಇಡೀ ದೇಶ ನೋಡುತ್ತದೆ. ಕಥೆಗಾರನೂ ಇದನ್ನೆಲ್ಲ ಲೆಕ್ಕ ಹಾಕಿಯೇ ಬರೆಯಬೇಕು: ಎಷ್ಟು ಸೆಟ್ ಹಾಕಬಹುದು, ಈ ಪಾತ್ರಕ್ಕೆ ಬಟ್ಟೆ ಬದಲಿಸಲು ಎಷ್ಟು ಹೊತ್ತು ಬೇಕು, ಜಾಹೀರಾತಿನ ಬಿಡುವು ಎಲ್ಲಿ ಬರುತ್ತದೆ. ಕಾದಾಟ, ಓಟ, ಬಯಲು ತೋರಿಸಲಾಗದು. ಉಳಿಯುವುದು ಒಂದು ಕೋಣೆ, ಇಬ್ಬರು ಮನುಷ್ಯರು, ಅವರ ಮಾತು. ಈ ಇಕ್ಕಟ್ಟಿನಲ್ಲೇ ಒಂದು ಪೀಳಿಗೆಯ ನಾಟಕಕಾರರು ತಯಾರಾದರು.

ಸರ್ಲಿಂಗ್ ಸಂಸಾರ ಸಮೇತ ನ್ಯೂಯಾರ್ಕಿಗೆ ಹತ್ತಿರದ ಕನೆಕ್ಟಿಕಟ್‌ಗೆ ಬಂದು ನೆಲೆಸಿದ್ದ. ಎಪ್ಪತ್ತರಷ್ಟು ಸ್ಕ್ರಿಪ್ಟ್ ಬರೆದಿದ್ದರೂ ಹೆಸರು ಯಾರಿಗೂ ನೆನಪಿರಲಿಲ್ಲ. 1955ರ ಜನವರಿ 12ರ ರಾತ್ರಿ ‘ಕ್ರಾಫ್ಟ್ ಟೆಲಿವಿಷನ್ ಥಿಯೇಟರ್’ನಲ್ಲಿ ಅವನ ‘ಪ್ಯಾಟರ್ನ್ಸ್’ ಪ್ರಸಾರವಾಯಿತು. ಹೊರ ಊರಿನ ಯುವಕನೊಬ್ಬ ನ್ಯೂಯಾರ್ಕಿನ ದೊಡ್ಡ ಕಂಪನಿಯ ದೊಡ್ಡ ಹುದ್ದೆಗೆ ಬರುತ್ತಾನೆ. ಬಂದ ಮೇಲೆ ತಿಳಿಯುತ್ತದೆ, ತನ್ನನ್ನು ಕರೆಸಿರುವುದೇ ಹಿರಿಯ ಅಧಿಕಾರಿಯೊಬ್ಬನ ಜಾಗ ತುಂಬಲು ಎಂದು. ಆ ಹಿರಿಯನನ್ನು ಮಾಲೀಕ ಕೆಲಸದಿಂದ ತೆಗೆಯುವುದಿಲ್ಲ, ತಾನಾಗಿಯೇ ಬಿಟ್ಟುಹೋಗಲಿ ಎಂದು ಮೀಟಿಂಗ್‌ಗಳಲ್ಲಿ ದಿನವೂ ಅವಮಾನ ಮಾಡುತ್ತಾನೆ. ಕೊನೆಗೆ ಆ ಮನುಷ್ಯ ಕುಸಿದು ಸಾಯುತ್ತಾನೆ. ಯುವಕ ಮಾಲೀಕನ ಮುಂದೆ ಸಿಡಿಯುತ್ತಾನೆ, ಆದರೆ ಕೆಲಸ ಬಿಡುವುದಿಲ್ಲ. ಉಳಿದು ಎದುರಿಸುತ್ತೇನೆ ಎಂದು ಅಲ್ಲೇ ಇರುತ್ತಾನೆ. ಅದು ಗೆಲುವೋ ಸೋಲೋ ಎಂಬುದನ್ನು ಸರ್ಲಿಂಗ್ ನೋಡುವವರಿಗೇ ಬಿಟ್ಟ.

ನಾಟಕ ಮುಗಿದ ನಿಮಿಷದಿಂದ ಸರ್ಲಿಂಗ್ ಮನೆಯ ಫೋನು ಬಡಿದುಕೊಳ್ಳಲು ಶುರುವಾಯಿತು. ಜನ ಮತ್ತೆ ನೋಡಬೇಕೆಂದರು. ಆಗ ಮರುಪ್ರಸಾರ ಎಂಬ ಪದ್ಧತಿಯೇ ಇರಲಿಲ್ಲ. ಟಿವಿ ಪರದೆಯ ಮುಂದೆ ಫಿಲ್ಮ್ ಕ್ಯಾಮೆರಾ ಇಟ್ಟು ತೆಗೆದ ಮಸುಕು ಪ್ರತಿಯನ್ನು ಬಿಟ್ಟರೆ ಬೇರೆ ದಾಖಲೆ ಇರುತ್ತಿರಲಿಲ್ಲ. ಹಾಗಾಗಿ ಫೆಬ್ರುವರಿ 9ರಂದು ನಟರನ್ನೆಲ್ಲ ಮತ್ತೆ ಕರೆಸಿ ಇಡೀ ನಾಟಕವನ್ನು ಎರಡನೇ ಸಲ ನೇರ ಪ್ರಸಾರದಲ್ಲಿ ಆಡಿಸಿದರು. ಅಲ್ಲಿಯವರೆಗೆ ಅಂಥದ್ದು ನಡೆದಿರಲಿಲ್ಲ. ಆ ಕೃತಿಗೆ ಎಮ್ಮಿ ಪ್ರಶಸ್ತಿ ಬಂತು.

ಹೆಸರು ಬಂದ ಮೇಲೆ ಬೇರೆ ಥರದ ಅಪಾಯ ಬಂತು. ಎಲ್ಲರೂ ಸ್ಕ್ರಿಪ್ಟ್ ಕೇಳುವವರೇ. ಸರ್ಲಿಂಗ್ ಪೆಟ್ಟಿಗೆಯಲ್ಲಿದ್ದ ಹಳೆಯ ಸ್ಕ್ರಿಪ್ಟ್‌ಗಳನ್ನೆಲ್ಲ ಮಾರಿದ. ಹಲವು ಸಾಧಾರಣವಾಗಿದ್ದವು. ಇವನದು ಒಂದೇ ಕಥೆಯ ಭಾಗ್ಯ ಎಂದು ವಿಮರ್ಶಕರು ಆಡಿಕೊಂಡರು. ಅದಕ್ಕೆ ಅವನ ಉತ್ತರ 1956ರ ಅಕ್ಟೋಬರ್ 11ರಂದು ‘ಪ್ಲೇಹೌಸ್ 90’ರಲ್ಲಿ ಬಂದ ‘ರಿಕ್ವಿಯಮ್ ಫಾರ್ ಎ ಹೆವಿವೇಟ್’. ಹದಿನಾಲ್ಕು ವರ್ಷ ಏಟು ತಿಂದು ಇನ್ನು ರಿಂಗಿಗೆ ಇಳಿಯಬಾರದು ಎಂದು ವೈದ್ಯರು ಹೇಳಿದ ಬಾಕ್ಸರ್‌ನ ಕಥೆ. ಬೇರೇನೂ ಕಲಿಯದ ಅವನು ಕೆಲಸ ಕೊಡಿಸುವ ಕಚೇರಿಯಲ್ಲಿ ತಲೆ ತಗ್ಗಿಸಿ ಕೂರುವ ದೃಶ್ಯವನ್ನು ಸಂದರ್ಶನಕ್ಕೆ ಹೋಗಿಬಂದ ಯಾರೂ ಮರೆಯಲಾರರು. ಹಿಂದೆ ರೇಡಿಯೋದವರು ಬಾಕ್ಸಿಂಗ್ ಕಥೆ ಬೇಡ ಎಂದಿದ್ದರಲ್ಲ, ಈಗ ಬಾಕ್ಸಿಂಗ್ ಕಥೆಯೇ ಅವನಿಗೆ ಎರಡನೇ ಎಮ್ಮಿಯನ್ನೂ ಪೀಬಡಿ ಪ್ರಶಸ್ತಿಯನ್ನೂ ತಂದುಕೊಟ್ಟಿತು. ಮರುವರ್ಷ ‘ದಿ ಕಮೀಡಿಯನ್’ ಬರೆದು ಮೂರನೆಯ ಎಮ್ಮಿ ಪಡೆದ.

ಪ್ರಾಯೋಜಕರ ಕತ್ತರಿ

ಇಲ್ಲಿಗೇ ನಿಲ್ಲಿಸಿದರೆ ಇದು ಕಷ್ಟಪಟ್ಟು ಮೇಲೆ ಬಂದ ಇನ್ನೊಬ್ಬನ ಕಥೆಯಷ್ಟೇ ಆಗುತ್ತದೆ. ಅಸಲು ಕಥೆ ಇನ್ನು ಮುಂದಿದೆ.

ಆಗ ಹೆಚ್ಚಿನ ಕಾರ್ಯಕ್ರಮಗಳಿಗೆ ಒಬ್ಬನೇ ಪ್ರಾಯೋಜಕ ಇರುತ್ತಿದ್ದ. ಕಾರ್ಯಕ್ರಮದ ಹೆಸರಿನಲ್ಲೇ ಕಂಪನಿಯ ಹೆಸರು ಸೇರಿರುತ್ತಿತ್ತು. ಹಾಗಾಗಿ ನಾಟಕದ ಪ್ರತಿ ಸಾಲಿನ ಮೇಲೂ ಕಂಪನಿಯ, ಅದರ ಜಾಹೀರಾತು ಏಜೆನ್ಸಿಯ ಕಣ್ಣು. ಕಾರು ಕಂಪನಿಯೊಂದು ತನ್ನ ಕಾರ್ಯಕ್ರಮದಲ್ಲಿ ಕಾಣುತ್ತಿದ್ದ ನ್ಯೂಯಾರ್ಕ್ ನಗರದ ಚಿತ್ರದಿಂದ ಕ್ರೈಸ್ಲರ್ ಕಟ್ಟಡವನ್ನು ಅಳಿಸಿಹಾಕಿಸಿತು. ಏಕೆಂದರೆ ಅದು ಎದುರಾಳಿ ಕಂಪನಿಯ ಹೆಸರು. 1959ರಲ್ಲಿ ನಾಜಿಗಳ ವಿಚಾರಣೆ ಕುರಿತ ಒಂದು ನಾಟಕದಲ್ಲಿ ಗ್ಯಾಸ್ ಎಂಬ ಪದವನ್ನೇ ಪ್ರಸಾರದ ಹೊತ್ತಿಗೆ ಮೌನ ಮಾಡಿದರು. ಪ್ರಾಯೋಜಕರು ಗ್ಯಾಸ್ ಕಂಪನಿಗಳ ಸಂಘ. ಲಕ್ಷಾಂತರ ಜನ ವಿಷಾನಿಲದಿಂದ ಸತ್ತದ್ದಕ್ಕಿಂತ ಒಲೆಯ ಗ್ಯಾಸ್ ಮಾರಾಟ ದೊಡ್ಡದಾಯಿತು.

ನಗು ಬರಿಸುವ ಈ ಕತ್ತರಿ ಸರ್ಲಿಂಗ್‌ಗೆ ತೀರ ಆಳವಾಗಿ ಕುಯ್ದದ್ದು ಎಮೆಟ್ ಟಿಲ್ ವಿಷಯದಲ್ಲಿ. 1955ರ ಆಗಸ್ಟ್‌ನಲ್ಲಿ ಶಿಕಾಗೋದಿಂದ ಮಿಸಿಸಿಪ್ಪಿಯ ನೆಂಟರ ಮನೆಗೆ ಬಂದಿದ್ದ ಹದಿನಾಲ್ಕು ವರ್ಷದ ಈ ಕಪ್ಪು ಹುಡುಗನನ್ನು, ಬಿಳಿಯ ಹೆಂಗಸಿನ ಜೊತೆ ಸಲುಗೆಯಿಂದ ನಡೆದುಕೊಂಡ ಎಂಬ ಆರೋಪ ಹೊರಿಸಿ ಕೊಂದರು. ಬಿಳಿಯರೇ ತುಂಬಿದ್ದ ಜ್ಯೂರಿ ಆರೋಪಿಗಳಿಬ್ಬರನ್ನೂ ಬಿಟ್ಟುಬಿಟ್ಟಿತು. ಮರುವರ್ಷ ಅವರೇ ದುಡ್ಡು ಪಡೆದು ಪತ್ರಿಕೆಯೊಂದಕ್ಕೆ ತಾವು ಕೊಂದದ್ದನ್ನು ಹೇಳಿಕೊಂಡರು. ಕೊಂದವರನ್ನು ಊರಿಗೆ ಊರೇ ಕಾಯುವ ಈ ನಡತೆಯ ಬಗ್ಗೆ ಬರೆಯಲೇಬೇಕು ಅನ್ನಿಸಿತು ಸರ್ಲಿಂಗ್‌ಗೆ.

ನೇರವಾಗಿ ಬರೆದರೆ ಯಾರೂ ಒಪ್ಪುವುದಿಲ್ಲ ಎಂದು ಗೊತ್ತಿದ್ದ ಅವನು, ಸತ್ತವನನ್ನು ಮೊದಲೇ ಮುದುಕ ಯಹೂದಿ ವ್ಯಾಪಾರಿಯನ್ನಾಗಿ ಮಾಡಿದ್ದ. ಆದರೂ ಇದು ಟಿಲ್ ಪ್ರಕರಣವೇ ಎಂಬ ಸುದ್ದಿ ಪತ್ರಿಕೆಗಳಲ್ಲಿ ಬಂತು. ದಕ್ಷಿಣದ ಬಿಳಿಯರ ಸಂಘಗಳು ಪ್ರತಿಭಟನೆಯ ಪತ್ರ ಬರೆದವು. ಪ್ರಾಯೋಜಕ ಉಕ್ಕು ಕಂಪನಿ ಬೆದರಿತು. ಸತ್ತವನು ಯಾವನೋ ಪರದೇಶಿಯಾದ. ಊರನ್ನು ದಕ್ಷಿಣದಿಂದ ಎತ್ತಿ ಈಶಾನ್ಯದ ನ್ಯೂ ಇಂಗ್ಲೆಂಡ್‌ಗೆ ಇಟ್ಟರು. ದಕ್ಷಿಣದ ನೆನಪು ಬರುತ್ತದೆಂದು ಸೆಟ್‌ನಿಂದ ಕೋಕಾಕೋಲಾ ಬಾಟಲಿಗಳನ್ನು ಕೂಡ ತೆಗೆದರು. 1956ರ ಏಪ್ರಿಲ್ 25ರಂದು ‘ನೂನ್ ಆನ್ ಡೂಮ್ಸ್‌ಡೇ’ ಎಂಬ ಹೆಸರಿನಲ್ಲಿ ಪ್ರಸಾರವಾದ ಅದರಲ್ಲಿ ಯಾರ ಕಥೆ ಎಂಬುದೇ ಉಳಿದಿರಲಿಲ್ಲ. ಎರಡು ವರ್ಷದ ನಂತರ ‘ಎ ಟೌನ್ ಹ್ಯಾಸ್ ಟರ್ನ್ಡ್ ಟು ಡಸ್ಟ್’ ಎಂಬ ನಾಟಕದಲ್ಲಿ ಅದೇ ವಿಷಯವನ್ನು ಮತ್ತೆ ಹಿಡಿದ. ಈ ಸಲ ಕಥೆ 1870ರ ದಶಕಕ್ಕೆ ಹೋಯಿತು, ಸತ್ತವನು ಮೆಕ್ಸಿಕನ್ ಆದ.

ನಡುವೆ ಸೆನೆಟ್ ಸದಸ್ಯರ ಬಗ್ಗೆ ಬರೆದ ‘ದಿ ಅರೀನಾ’ದಲ್ಲಿ ಆ ಸದಸ್ಯರು ಚಾಲ್ತಿಯಲ್ಲಿರುವ ಯಾವ ವಿಷಯವನ್ನೂ ಚರ್ಚಿಸುವಂತಿರಲಿಲ್ಲ. ಸೆನೆಟ್ ಸದಸ್ಯರು ಸೆನೆಟ್‌ನಲ್ಲಿ ಏನನ್ನೂ ಮಾತಾಡದ ರಾಜಕೀಯ ನಾಟಕ! ಇದಕ್ಕಿಂತ ಅದನ್ನು 2057ನೇ ಇಸವಿಯ ಕಥೆ ಮಾಡಿ ಸೆನೆಟ್ ತುಂಬ ರೋಬಾಟ್‌ಗಳನ್ನು ಕೂರಿಸಿದ್ದರೆ ಹೇಳಬೇಕಾದ್ದನ್ನೆಲ್ಲ ಹೇಳಬಹುದಿತ್ತು ಎಂದು ಸರ್ಲಿಂಗ್ ಆಮೇಲೆ ಬರೆದುಕೊಂಡ. ರೇಗಿ ಬರೆದ ಮಾತದು. ಆದರೆ ಅದರಲ್ಲೇ ಬೀಗದ ಕೈ ಇತ್ತು.

ಹಿತ್ತಿಲ ಬಾಗಿಲು

1958ರ ನವೆಂಬರ್‌ನಲ್ಲಿ ಅವನ ‘ದಿ ಟೈಮ್ ಎಲಿಮೆಂಟ್’ ಪ್ರಸಾರವಾಯಿತು. ಪರ್ಲ್ ಹಾರ್ಬರ್ ಮೇಲೆ ಬಾಂಬ್ ಬೀಳುವ ಹಿಂದಿನ ದಿನಕ್ಕೆ ಕನಸಿನಲ್ಲಿ ಹೋಗುವವನೊಬ್ಬ ಎಲ್ಲರನ್ನೂ ಎಚ್ಚರಿಸುತ್ತಾನೆ, ಯಾರೂ ನಂಬುವುದಿಲ್ಲ. ಸಿಬಿಎಸ್ ಚಾನೆಲ್ ಈ ಸ್ಕ್ರಿಪ್ಟನ್ನು ಕೊಂಡು ಮೂಲೆಗೆ ಹಾಕಿತ್ತು. ಬೇರೊಂದು ಕಾರ್ಯಕ್ರಮದ ನಿರ್ಮಾಪಕ ಅದನ್ನು ಎತ್ತಿಕೊಂಡ. ಸಾವಿರಾರು ಪತ್ರಗಳು ಬಂದವು. ಆಗ ಸಿಬಿಎಸ್‌ನ ಕಣ್ಣು ತೆರೆಯಿತು.

ಭಾರತದಲ್ಲಿ ಟಿವಿಯ ಪ್ರಾಯೋಗಿಕ ಪ್ರಸಾರ ದೆಹಲಿಯಲ್ಲಿ ಶುರುವಾದದ್ದು 1959ರ ಸೆಪ್ಟೆಂಬರ್ 15ರಂದು. ಅದಾಗಿ ಹದಿನೇಳನೇ ದಿನ, ಅಕ್ಟೋಬರ್ 2ರ ಶುಕ್ರವಾರ ರಾತ್ರಿ ಅಮೆರಿಕದಲ್ಲಿ ‘ದಿ ಟ್ವಿಲೈಟ್ ಝೋನ್’ ಸರಣಿ ಆರಂಭವಾಯಿತು. ಅದಕ್ಕೆ ಕೆಲವೇ ದಿನ ಮೊದಲು ಪತ್ರಕರ್ತ ಮೈಕ್ ವಾಲೇಸ್ ಟಿವಿ ಸಂದರ್ಶನದಲ್ಲಿ ಸರ್ಲಿಂಗ್‌ನನ್ನು ಕೆಣಕಿದ್ದ. ಗಂಭೀರ ನಾಟಕ ಬಿಟ್ಟು ಅದ್ಭುತ ರಮ್ಯ ಕಥೆಗಳಿಗೆ ಇಳಿದಿದ್ದೀರಿ, ಮುಖ್ಯವಾದದ್ದನ್ನು ಬರೆಯುವ ಆಸೆ ಕೈಬಿಟ್ಟಿರಾ ಎಂಬುದು ಅವನ ಪ್ರಶ್ನೆಯ ಧಾಟಿ. ಜಗಳ ಆಡಿ ಸಾಕಾಗಿದೆ, ಈ ಸರಣಿಯಲ್ಲಿ ವಿವಾದದ ವಿಷಯ ಮುಟ್ಟುವುದಿಲ್ಲ ಎಂಬ ಅರ್ಥದಲ್ಲಿ ಸರ್ಲಿಂಗ್ ಉತ್ತರಿಸಿದ. ಬಹಳ ಜನ ನಂಬಿದರು. ಪ್ರಾಯೋಜಕರೂ ನೆಮ್ಮದಿಯಾಗಿದ್ದರು.

ಐದೇ ತಿಂಗಳಲ್ಲಿ, 1960ರ ಮಾರ್ಚ್ 4ರಂದು, ‘ದಿ ಮಾನ್‌ಸ್ಟರ್ಸ್ ಆರ್ ಡ್ಯೂ ಆನ್ ಮೇಪಲ್ ಸ್ಟ್ರೀಟ್’ ಬಂತು. ನೆಮ್ಮದಿಯ ಒಂದು ಬೀದಿ. ಸಂಜೆ ಹೊತ್ತು ಕರೆಂಟು ಹೋಗುತ್ತದೆ, ಕಾರು, ಫೋನು ಎಲ್ಲ ಸ್ತಬ್ಧ. ಅನ್ಯಗ್ರಹದವರು ಮನುಷ್ಯರ ವೇಷದಲ್ಲಿ ಬಂದು ಸೇರಿಕೊಂಡಿರುತ್ತಾರೆ ಎಂದು ಒಬ್ಬ ಹುಡುಗ ಹೇಳುತ್ತಾನೆ. ಅಷ್ಟೇ ಸಾಕಾಯಿತು. ರಾತ್ರಿ ನಿದ್ದೆ ಬಾರದೆ ಆಕಾಶ ನೋಡುವವನ ಮೇಲೆ ಅನುಮಾನ, ಇದ್ದಕ್ಕಿದ್ದಂತೆ ದೀಪ ಹತ್ತಿದ ಮನೆಯವನ ಮೇಲೆ ಅನುಮಾನ. ಒಬ್ಬನ ಮೇಲೆ ಗುಂಡು ಹಾರುತ್ತದೆ. ಬೀದಿ ತನ್ನನ್ನು ತಾನೇ ಸುಟ್ಟುಕೊಳ್ಳುತ್ತದೆ. ದೂರದ ಗುಡ್ಡದ ಮೇಲೆ ನಿಂತ ಅನ್ಯಗ್ರಹದವರು ಮಾಡಿದ್ದು ದೀಪ ಆರಿಸಿದ್ದು ಮಾತ್ರ. ಕಮ್ಯುನಿಸ್ಟರೆಂಬ ಅನುಮಾನದ ಮೇಲೆ ನೆರೆಹೊರೆಯವರನ್ನೇ ಬೇಟೆಯಾಡಿದ್ದ ದೇಶಕ್ಕೆ ಅದು ಯಾರ ಕಥೆ ಎಂದು ಬಿಡಿಸಿ ಹೇಳಬೇಕಿರಲಿಲ್ಲ. ಪ್ರಾಯೋಜಕರಿಗೆ ಕಂಡದ್ದು ಮಾತ್ರ ಅನ್ಯಗ್ರಹದವರ ಕಥೆ.

ಹೀಗೆ ಒಂದರ ಹಿಂದೆ ಒಂದು ಬಂದವು. ಅದೇ ಏಪ್ರಿಲ್‌ನಲ್ಲಿ ಬಂದ ‘ದಿ ಬಿಗ್ ಟಾಲ್ ವಿಶ್’ನಲ್ಲಿ ನಾಯಕನೂ ಸುತ್ತಲಿನವರೂ ಹೆಚ್ಚುಕಡಿಮೆ ಎಲ್ಲರೂ ಕಪ್ಪು ಜನ. ಆಗಿನ ಟಿವಿಯಲ್ಲಿ ಅದು ಅಪರೂಪ. ‘ಐ ಆಫ್ ದಿ ಬಿಹೋಲ್ಡರ್’ನಲ್ಲಿ ಎಲ್ಲರಂತೆ ಕಾಣಲೆಂದು ಮುಖದ ಶಸ್ತ್ರಚಿಕಿತ್ಸೆಗೆ ಮಲಗಿದ ಹೆಣ್ಣಿನ ಪಟ್ಟಿ ಬಿಚ್ಚಿದಾಗ ನಮ್ಮ ಕಣ್ಣಿಗೆ ಸುಂದರಿ, ಸುತ್ತಲಿನ ವೈದ್ಯರದೇ ಹಂದಿಮುಖ. ‘ಡೆತ್ಸ್ ಹೆಡ್ ರೀವಿಸಿಟೆಡ್’ನಲ್ಲಿ ಹಳೆಯ ನಾಜಿ ಅಧಿಕಾರಿಯೊಬ್ಬ ಡಕಾವ್ ಶಿಬಿರಕ್ಕೆ ಮರಳಿದಾಗ ಅಲ್ಲಿ ಸತ್ತವರು ಅವನ ವಿಚಾರಣೆ ನಡೆಸುತ್ತಾರೆ. 1964ರ ಒಂದು ಕಥೆಯಲ್ಲಿ ಗಲ್ಲು ಶಿಕ್ಷೆಯ ಬೆಳಿಗ್ಗೆ ಸೂರ್ಯ ಹುಟ್ಟುವುದೇ ಇಲ್ಲ. ಜನರ ಎದೆಯ ದ್ವೇಷವೇ ಕತ್ತಲೆಯಾಗಿ ಊರಿನ ಮೇಲೆ ಕವಿದಿರುತ್ತದೆ. ಎಮೆಟ್ ಟಿಲ್ ಬಗ್ಗೆ ಹೇಳಲು ಬಿಡದವರ ಮುಂದೆಯೇ ಅವನು ಅದನ್ನೆಲ್ಲ ಹೇಳಿದ.

ಐದು ವರ್ಷ, 156 ಕಂತು. ಅವುಗಳಲ್ಲಿ 92 ಸರ್ಲಿಂಗ್ ಒಬ್ಬನೇ ಬರೆದದ್ದು. ಉಳಿದವನ್ನು ರಿಚರ್ಡ್ ಮ್ಯಾಥೆಸನ್, ಚಾರ್ಲ್ಸ್ ಬೋಮಾಂಟ್‌ರಂಥ ಒಳ್ಳೆಯ ಲೇಖಕರಿಂದ ಬರೆಸಿದ. ಆ ಹೊತ್ತಿಗೆ ಟೈಪ್ ಮಾಡುವುದನ್ನು ಬಿಟ್ಟು ರೆಕಾರ್ಡಿಂಗ್ ಯಂತ್ರಕ್ಕೆ ಹೇಳುತ್ತಿದ್ದ, ಒಂದೊಂದು ಪಾತ್ರದ ಮಾತನ್ನೂ ಅಭಿನಯಿಸಿಕೊಂಡು. ಸಹಾಯಕರು ಅದನ್ನು ಬೆರಳಚ್ಚು ಮಾಡುತ್ತಿದ್ದರು. ನಿರೂಪಣೆಗೆ ಆರ್ಸನ್ ವೆಲ್ಸ್‌ನಂಥ ದೊಡ್ಡವರನ್ನು ಯೋಚಿಸಿದ್ದರು, ಸಂಭಾವನೆ ದುಬಾರಿಯಾಯಿತು. ಕೊನೆಗೆ ಕಥೆಗಾರನೇ ಕ್ಯಾಮೆರಾ ಮುಂದೆ ನಿಂತ. ಕಪ್ಪು ಸೂಟು, ಬಿಗಿದ ತುಟಿ, ಬೆರಳಲ್ಲಿ ಸಿಗರೇಟು. ಟಿವಿ ಬರಹಗಾರನೊಬ್ಬನ ಮುಖ ಮನೆಮನೆಗೂ ಪರಿಚಯವಾದದ್ದು ಹಾಗೆ. ಈ ಸರಣಿ ಇನ್ನೆರಡು ಎಮ್ಮಿ ತಂದಿತು.

ಬೆಲೆ

ಹಿತ್ತಿಲಿನಿಂದ ಬಂದವನಿಗೂ ಮನೆಯ ಯಜಮಾನ ಬೇರೆಯವನೇ. ಬೆರಳಲ್ಲಿದ್ದ ಸಿಗರೇಟನ್ನು ಕಂತಿನ ಕೊನೆಯಲ್ಲಿ ಸರ್ಲಿಂಗೇ ಮಾರಬೇಕಿತ್ತು, ಪ್ರಾಯೋಜಕರಲ್ಲಿ ಸಿಗರೇಟು ಕಂಪನಿಗಳೂ ಇದ್ದವು. ಅವನು ದಿನಕ್ಕೆ ಹಲವು ಪ್ಯಾಕ್ ಸೇದುತ್ತಿದ್ದ. 1964ರಲ್ಲಿ ಸರಣಿ ನಿಂತ ಮೇಲೆ ಅದರಲ್ಲಿದ್ದ ತನ್ನ ಪಾಲನ್ನು ಸಿಬಿಎಸ್‌ಗೆ ಮಾರಿದ. ಮುಂದೆ ಮರುಪ್ರಸಾರಗಳಿಂದ ಹರಿದುಬಂದ ಹಣ ಅವನಿಗೆ ಸಿಗಲಿಲ್ಲ. 1970ರಿಂದ ‘ನೈಟ್ ಗ್ಯಾಲರಿ’ ಎಂಬ ಸರಣಿಯ ಮುಖವಾದ. ಅದರ ಮೊದಲ ಪ್ರಯೋಗದಲ್ಲಿ ಒಂದು ಕಥೆಯನ್ನು ನಿರ್ದೇಶಿಸಿದ ಹುಡುಗನ ಹೆಸರು ಸ್ಟೀವನ್ ಸ್ಪೀಲ್‌ಬರ್ಗ್. ಆದರೆ ಆ ಸರಣಿಯಲ್ಲಿ ಯಾವ ಕಥೆ ಬರಬೇಕು, ಬರಬಾರದು ಎಂಬ ತೀರ್ಮಾನ ಸರ್ಲಿಂಗ್ ಕೈಯಲ್ಲಿರಲಿಲ್ಲ. ಒಪ್ಪಂದ ಮಾಡಿಕೊಳ್ಳುವಾಗ ಆ ಹಕ್ಕು ಕೇಳಿರಲಿಲ್ಲ. ತನ್ನ ಮುಖ ಇಟ್ಟುಕೊಂಡು ತನ್ನ ಸ್ಕ್ರಿಪ್ಟ್‌ಗಳನ್ನು ತಿರಸ್ಕರಿಸುವುದನ್ನು ನೋಡಬೇಕಾಯಿತು. ಜೊತೆಗೆ ಬೇಕಾದ್ದು ಬೇಡದ್ದು ಎನ್ನದೆ ಜಾಹೀರಾತುಗಳಿಗೆ ದನಿ ಕೊಟ್ಟ.

ಅವನಿಗೆ ನೆಮ್ಮದಿ ಕೊಟ್ಟ ಕೆಲಸ ಕಲಿಸುವುದು. 1960ರ ದಶಕದ ಕೊನೆಯಿಂದ ನ್ಯೂಯಾರ್ಕ್ ರಾಜ್ಯದ ಇಥಾಕಾ ಕಾಲೇಜಿನಲ್ಲಿ ವಿದ್ಯಾರ್ಥಿಗಳಿಗೆ ಬರವಣಿಗೆ ಹೇಳಿಕೊಟ್ಟ. ಹತ್ತಿರದ ಕಯೂಗಾ ಸರೋವರದ ದಡದಲ್ಲಿ ಅವರ ಬೇಸಿಗೆ ಮನೆ. ‘ಟ್ವಿಲೈಟ್ ಝೋನ್’ ನಿರ್ಮಿಸಿದ ತನ್ನ ಸಂಸ್ಥೆಗೆ ಆ ಸರೋವರದ ಹೆಸರನ್ನೇ ಇಟ್ಟಿದ್ದ. 1975ರಲ್ಲಿ ಹೃದಯಾಘಾತವಾಯಿತು. ರಾಚೆಸ್ಟರ್ ಆಸ್ಪತ್ರೆಯಲ್ಲಿ ಹೃದಯದ ಶಸ್ತ್ರಚಿಕಿತ್ಸೆಯ ನಂತರ ಜೂನ್ 28ರಂದು ತೀರಿಕೊಂಡ. ಐವತ್ತು ವರ್ಷ. ಅಪ್ಪ ಬದುಕಿದ್ದಕ್ಕಿಂತ ಎರಡು ವರ್ಷ ಕಡಿಮೆ.

ಈ ಬದುಕಿನಿಂದ ನಾನು ತೆಗೆದುಕೊಂಡದ್ದು ಸಣ್ಣದು, ಆದರೆ ನನಗೆ ಬೇಕಾದದ್ದು. ಸಂಬಳಕ್ಕೆ ಬರೆಯುವುದು ಅವಮಾನವಲ್ಲ. ಊರುಗಳ ಗುಣಗಾನ ಬರೆದ ಕೈಯೇ ಮೇಪಲ್ ಬೀದಿಯನ್ನೂ ಬರೆಯಿತು. ಗಂಟೆಯೊಳಗೆ ಕಥೆ ಮುಗಿಸುವ ಹತೋಟಿ ಆ ದುಡಿಮೆಯಲ್ಲೇ ಬಂದದ್ದು. ಬದಲಾವಣೆ ಕೇಳಿದಾಗ ಯಾವುದನ್ನು ಬಿಟ್ಟುಕೊಡಬಹುದು ಎಂಬ ಲೆಕ್ಕವೂ ಬೇಕು. ಊರು, ಕಾಲ, ವೇಷ ಬದಲಾದರೆ ಕಥೆ ಉಳಿಯಬಹುದು. ಯಾರು ಯಾರಿಗೆ ಅನ್ಯಾಯ ಮಾಡಿದರು ಎಂಬುದೇ ಅಳಿದುಹೋದರೆ ಉಳಿಯುವುದಿಲ್ಲ. 1956ರಲ್ಲಿ ಅವನು ಕಳೆದುಕೊಂಡದ್ದು ಅದನ್ನು, 1960ರಲ್ಲಿ ಉಳಿಸಿಕೊಂಡದ್ದೂ ಅದನ್ನೇ. ಇನ್ನೊಂದು, ಸಹಿ ಹಾಕುವ ಮೊದಲು ಕಾಗದವನ್ನು ಪೂರ್ತಿ ಓದಬೇಕು. ಪ್ರತಿಭೆ ಎಷ್ಟಿದ್ದರೂ ‘ನೈಟ್ ಗ್ಯಾಲರಿ’ಯಲ್ಲಿ ಅವನನ್ನು ಕಾಯಬಹುದಾಗಿದ್ದದ್ದು ಒಪ್ಪಂದದ ಒಂದು ಸಾಲು.

ಅವನ ಕಾಲದ ಪ್ರಾಯೋಜಕರ ಹೆಸರು ಈಗ ಯಾರಿಗೂ ಬೇಕಿಲ್ಲ. ಕತ್ತಲಾದ ಬೀದಿಯಲ್ಲಿ ಪಕ್ಕದ ಮನೆಯವನನ್ನು ಅನುಮಾನದಿಂದ ನೋಡುವ ಆ ಜನರನ್ನು ಮಾತ್ರ ನಾವು ಇವತ್ತೂ ಗುರುತು ಹಿಡಿಯುತ್ತೇವೆ. ಒಂದು ವಾಟ್ಸ್‌ಆ್ಯಪ್ ಮೆಸೇಜು ಬಂದರೆ ಸಾಕು, ನಮ್ಮ ಬೀದಿಯ ದೀಪಗಳೂ ಆರುತ್ತವೆ.